ಬಾಣಲೆ ತರದೆ ಬಂದ ಯಶೋಧರಾ

ಭದ್ರಾವತಿಯ ಬಸ್ಸಿಳಿದು ಬಂದ ಯಶೋಧರಾಳ ಕೈಯಲ್ಲಿ ವ್ಯಾನಿಟಿ ಬ್ಯಾಗ್ ಬಿಟ್ಟರೆ ಬೇರೇನೂ ಇರಲಿಲ್ಲ. ಸವಳಂಗ ರಸ್ತೆಯ ಸಭಾಂಗಣದ ಮೆಟ್ಟಿಲಲ್ಲಿ ಕಾಯುತ್ತಿದ್ದ ಜ್ಞಾನೇಶ್ ಅವಳ ಬೆನ್ನ ಹಿಂದೆ ಇಣುಕಿದ.

“ಯಶೋಧಕ್ಕಾ, ಬಾಣಲೆ ಎಲ್ಲಿ? ರವೆ?”

“ಈ ಸಲ ಅಡುಗೆ ನಂದಲ್ಲ, ಮಾತು ನಂದು ಅಂತ ಹೇಳಿರ್ಲಿಲ್ವಾ?”

“ತಮಾಷೆ ಅಂದ್ಕೊಂಡೆ ಮಾರಾಯ್ತಿ!”

ಬ್ಯಾಂಕಿನಲ್ಲಿ ಕೆಲಸ ಮಾಡುವ ಜ್ಞಾನೇಶ್ ಗೇ. ಗೇ, ಲೆಸ್ಬಿಯನ್, ಮಂಗಳಮುಖಿ ಎಲ್ಲರನ್ನೂ ಸೇರಿಸಿ ಸಂಘ ಕಟ್ಟಿದವನು ಅವನೇ. ಯಶೋಧರಾ ಮಂಗಳಮುಖಿ. ತನ್ನನ್ನು ಮಗಳಂತೆ ಸೇರಿಸಿಕೊಂಡ ಹಿರಿಯ ಮಂಗಳಮುಖಿ, ಗುರು ದ್ಯಾಮಮ್ಮನ ಜೊತೆ ಒಂದೇ ಕೋಣೆಯ ಮನೆಯಲ್ಲಿದ್ದು, ಮದುವೆ ಅಡುಗೆಗಳಿಗೆ ಕೈಯಾಳಾಗಿ ಹೋಗುವವಳು. ಸಂಘದ ಪ್ರತಿ ವರ್ಷದ ಜಾಥಾದಲ್ಲಿ ಪೇಪರಿನವರ ಫೋಟೋಕ್ಕೆಂದು ಅವಳನ್ನು ಜರಿ ಸೀರೆಯಲ್ಲಿ ಮುಂದಿನ ಸಾಲಿಗೆ ನಿಲ್ಲಿಸುತ್ತಿದ್ದರು. ಸಭೆ ಶುರುವಾದರೆ ಅದೇ ಸೀರೆಯ ಸೆರಗು ಸೊಂಟಕ್ಕೆ ಸಿಕ್ಕಿಸಿ ಅವಳು ಹಿತ್ತಲಲ್ಲಿ ಉಪ್ಪಿಟ್ಟು ತಿರುವುತ್ತಿದ್ದಳು. ಹೆಣ್ಣಾಗಿ ಬಾಳಬೇಕೆಂದು ಮನೆ ಬಿಟ್ಟವಳಿಗೆ ಲೋಕ ತಕರಾರಿಲ್ಲದೆ ಕೊಟ್ಟಿದ್ದು ಸೌಟೊಂದನ್ನೇ.

“ಈಗೇನ್ ಮಾಡೋದು? ಜನ ಹಸ್ಕೊಂಡು ಬರ್ತಾರೆ.”

ಯಶೋಧರಾಳಿಗೆ ಒಳಗೊಳಗೇ ಅಳುಕು. ಹಸಿವು ಎಂಬ ಮಾತು ಕಿವಿಗೆ ಬಿದ್ದರೆ ಸಾಕು, ಅವಳ ಕೈ ತಾನಾಗಿ ಈರುಳ್ಳಿ ಹುಡುಕುತ್ತದೆ. ಇವತ್ತು ಒಲೆಯ ಮುಂದೆ ನಿಂತರೆ ಮೈಕು ಇನ್ನು ಸಿಕ್ಕಿದ ಹಾಗೆಯೇ ಎಂದುಕೊಂಡು ಬ್ಯಾಗನ್ನು ಬಿಗಿಯಾಗಿ ಹಿಡಿದಳು.

ಆಗ ಸಂಘದವಳೇ ಆದ, ಕಾಲೇಜಿನಲ್ಲಿ ಪಾಠ ಮಾಡುವ ಸ್ಫೂರ್ತಿ ಬಂದಳು. ವಿಷಯ ಕೇಳಿ ನಕ್ಕಳು. “ಅವಲಕ್ಕಿ ಒಗ್ಗರಣೆ ಹಾಕೋಣ. ಆಲ್ಕೊಳದಿಂದ ನಮ್ಮನೆ ದೊಡ್ಡ ಪಾತ್ರೆ ತರ್ತೀನಿ. ನೀನು ಈರುಳ್ಳಿ ಹೆಚ್ಚು ಜ್ಞಾನೇಶ್, ಕೈ ಸವೆಯಲ್ಲ.”

ಜಾಥಾಕ್ಕೆ ದ್ಯಾಮಮ್ಮನೂ ಬಂದಳು. ಅದು ಮುಗಿದು ಸಭೆ ಸೇರಿತು. ಯಶೋಧರಾ ಮೈಕಿನ ಮುಂದೆ ನಿಂತಳು.

“ನನ್ನ ಉಪ್ಪಿಟ್ಟು ನಿಮಗೆಲ್ಲ ಗೊತ್ತು. ಭದ್ರಾವತೀಲಿ ನಾನೆಲ್ಲಿರ್ತೀನಿ, ಯಾರಿಗಾದ್ರೂ ಗೊತ್ತಾ?”

ಚಾಕು ಹಿಡಿದೇ ಬಾಗಿಲಿಗೆ ಬಂದಿದ್ದ ಜ್ಞಾನೇಶ್ ತಲೆ ತಗ್ಗಿಸಿದ.

“ನಿಮ್ಮಲ್ಲಿ ಸುಮಾರು ಜನ ಮುಚ್ಚಿಟ್ಕೊಂಡು ಆಫೀಸಿಗೆ ಹೋಗಿಬರಬಹುದು. ನಮ್ಮನ್ನ ಬಸ್ ಸ್ಟ್ಯಾಂಡಲ್ಲೇ ಗುರುತು ಹಿಡೀತಾರೆ. ಏಟು ಮೊದಲು ನಮಗೇ ಬೀಳುತ್ತೆ. ಮಾತಾಡೋಕೂ ಮೊದಲು ನಮ್ಮನ್ನೇ ಬಿಡಿ.”

ಬಾಡಿಗೆ ಮನೆಗೆ ಅಲೆದದ್ದು, ನಲ್ಲಿಯ ಸಾಲಿನಲ್ಲಿ ನೆರೆಯವರು ತನ್ನ ಕೊಡ ಪಕ್ಕಕ್ಕೆ ಸರಿಸಿದ್ದು, ಎಲ್ಲವನ್ನೂ ಹೇಳಿ ವೇದಿಕೆಯಿಂದ ಇಳಿದಳು. ಎದೆಯ ಮೇಲಿನ ಕಲ್ಲು ಇಳಿಸಿಟ್ಟಂತಿತ್ತು.

ಅವಲಕ್ಕಿ ಬಂತು. ತಟ್ಟೆ ಹಿಡಿದ ಯಶೋಧರಾ ಅಭ್ಯಾಸದಂತೆ ದ್ಯಾಮಮ್ಮನ ಪಕ್ಕ ನಿಂತೇ ಇದ್ದಳು. ಗುರು ಉಂಡ ಮೇಲೆ ಶಿಷ್ಯೆಯಾದ ಚೇಲಾ ಉಣ್ಣಬೇಕು, ಗುರುವಿನ ತಟ್ಟೆ ತೊಳೆಯಬೇಕು. ಅವರ ಮನೆಯ ಕಟ್ಟಳೆ ಅದು. ದ್ಯಾಮಮ್ಮ ತಟ್ಟೆಯನ್ನೊಮ್ಮೆ, ಜ್ಞಾನೇಶನನ್ನೊಮ್ಮೆ ನೋಡಿದಳು.

“ಕೂತ್ಕೊಳ್ಳೇ. ಮೊದ್ಲು ನೀನು ತಿನ್ನು. ಈ ಹುಡುಗನ ಕೈಯಡುಗೆ ನಂಬಿ ನಾನ್ಯಾಕೆ ಸಾಯ್ಲಿ?”

ಎಲ್ಲರೂ ಗೊಳ್ಳೆಂದರು. ಯಶೋಧರಾ ಕುಳಿತು ಒಂದು ತುತ್ತು ಬಾಯಿಗಿಟ್ಟಳು. ಉಪ್ಪು ಜಾಸ್ತಿ, ಅವಲಕ್ಕಿ ಮುದ್ದೆ.

“ಹೇಗಿದೆ ಅಕ್ಕಾ?” ಜ್ಞಾನೇಶ್ ಕೇಳಿದ.

“ಕಲೀತೀಯ,” ಎಂದು ಅವಳು ಇನ್ನೊಂದು ಸೌಟು ಬಡಿಸಿಕೊಂಡಳು.