ಸೋಮವಾರ ನೇಗಿಲು ಹೂಡದ ಹಟ್ಟಿಯಲ್ಲಿ ಚಲಚ್ಚಿತ್ರ

ನೀಲಗಿರಿ ಬೆಟ್ಟದಲ್ಲಿ ಕೋತಗಿರಿಯ ಬಳಿಯ ಈ ಬಡಗರ ಹಟ್ಟಿಯಲ್ಲಿ ಸ್ತ್ರೀಶಿಕ್ಷಣವನ್ನು ಕುರಿತು ನಾನು ಅರ್ಧ ಗಂಟೆ ಭಾಷಣ ಮಾಡಿ ಕುಳಿತಾಗ, ಮುಂದಿದ್ದ ಮುದುಕಿಯೊಬ್ಬಳು ಪಕ್ಕದವಳನ್ನು ಕೇಳಿದಳು: “ಈ ಅಯ್ಯ ಯಾವ ಊರ ಮಾತ ಆಡಿದ?” ಧಾರವಾಡದ ಚರ್ಚಾಕೂಟಗಳಲ್ಲಿ ಚಪ್ಪಾಳೆ ಗಿಟ್ಟಿಸಿದ ಕನ್ನಡ ಅದು!

ಆ ಮುದುಕಿಯೇ ಮಾದಿ ಹೆತ್ತೆ. ಹೆತ್ತೆ ಎಂದರೆ ಅಜ್ಜಿ. ಈಗ ನನ್ನ ಅಕ್ಷರವರ್ಗದ ಮೊದಲ ಸಾಲು ಆಕೆಯದೇ. ನಾನಿರುವುದು ಆಲೂಗೆಡ್ಡೆಯ ಮೂಟೆಗಳ ಪಕ್ಕದ ಕೋಣೆಯಲ್ಲಿ. ನಮ್ಮಲ್ಲಿ ಜೋಳದ ರೊಟ್ಟಿಯಾದರೆ ಇಲ್ಲಿ ರಾಗಿಯ ಹಿಟ್ಟು, ಜೊತೆಗೆ ‘ಉದಕ’ವೆಂಬ ಅವರೆಯ ಸಾರು. ಚಳಿಗೆ ಅದಕ್ಕಿಂತ ಹಿತವಾದುದನ್ನು ನಾನರಿಯೆ.

ಕಳೆದ ತಿಂಗಳು ಉದಕಮಂಡಲದಿಂದ ಒಬ್ಬ ಬಿಳಿಯ ದೊರೆ ಚಲಚ್ಚಿತ್ರ ತೆಗೆಯುವ ಪೆಟ್ಟಿಗೆಯೊಡನೆ ಬಂದ. ನಟರು ಬೇಡ, ಜನರು ತಾವು ಇದ್ದಂತೆಯೇ ಕಾಣಬೇಕೆಂಬುದು ಅವನ ನಿಯಮ. ನನ್ನ ಹೆಂಗಸರ ವರ್ಗವನ್ನೂ ತೆಗೆಯಬೇಕೆಂದು ಬೇಡಿದೆ. ಬೆಟ್ಟದ ಹೆಂಗಸರು ಓದಬಲ್ಲರೆಂಬುದಕ್ಕೆ ಅದಕ್ಕಿಂತ ದೊಡ್ಡ ಸಾಕ್ಷಿ ಯಾವುದು? ಹಲಗೆ ಬಳಪ ಎಲ್ಲೆಡೆಯೂ ಇವೆ, ಮೊದಲು ಉಳುಮೆ ತೋರಿಸು, ಆಮೇಲೆ ನೋಡೋಣ ಎಂದ. ಮರುದಿನವೇ ಅವನ ಪ್ರಯಾಣ, ಉಳುಮೆಯ ಚಿತ್ರ ಅಂದೇ ಆಗಬೇಕು. ಅಂದು ಸೋಮವಾರ.

ಹಟ್ಟಿಯ ಹಿರಿಯರಾದ ಬೆಳ್ಳ ಗೌಡರು ಆಗದೆಂದು ತಲೆಯಾಡಿಸಿದರು. “ಸೋವಾರ ಏರು ಕಟ್ಟೋದಿಲ್ಲೆ.” ಸೋಮವಾರ ಇವರಿಗೆ ಪವಿತ್ರ ದಿನ, ನೇಗಿಲಿಗೂ ಎತ್ತಿಗೂ ವಿರಾಮ.

ನಾನು ವಾದ ಹೂಡಿದೆ. “ಗೌಡರೇ, ಇದು ನಿಜವಾದ ಉಳುಮೆಯಲ್ಲ, ಬರೀ ಚಿತ್ರ.”

“ದಿಟ ಉಳೋದಿಲ್ಲೆಯಾ? ಹಂಗಾದ್ರೆ ದೊರೆಗೆ ಸುಳ್ಳು ಏಕ ಬೇಕು? ದಿಟ ಉಳೋದಾದ್ರೆ ಸೋವಾರ ಆಗದು. ಯಾವುದ ಒಪ್ಪಲಿ? ಓದಿದವ ನೀನೇ ಹೇಳು.”

ಕಾಲೇಜಿನಲ್ಲಿ ಯಾವ ಎದುರಾಳಿಯೂ ನನ್ನನ್ನು ಹೀಗೆ ಕಟ್ಟಿಹಾಕಿರಲಿಲ್ಲ. ಗೌಡರ ಉತ್ತರವನ್ನು ಇಂಗ್ಲಿಷಿನಲ್ಲಿ ದೊರೆಗೆ ಹೇಳುವಾಗ, ನನ್ನ ವರ್ಗದ ಚಿತ್ರ ಕೈತಪ್ಪಿತೆಂದೇ ಬಗೆದಿದ್ದೆ. ಆದರೂ ಒಂದು ಮಾತನ್ನೂ ಮೆದುಗೊಳಿಸಲಿಲ್ಲ. ದೊರೆ ಗಟ್ಟಿಯಾಗಿ ನಕ್ಕ. “ಹಾಗಾದರೆ ಸೋಮವಾರ ಇವರು ಮಾಡುವುದೇನು?”

ಅಷ್ಟರಲ್ಲಿ ಹೆಂಗಸರು ಹಲಗೆ ಹಿಡಿದು ಬರುತ್ತಿದ್ದರು. ಹೊಲದ ಕೆಲಸವಿಲ್ಲದ ದಿನವೆಂದು ವರ್ಗಕ್ಕೆ ಸೋಮವಾರವನ್ನು ಗೊತ್ತುಮಾಡಿದವನು ನಾನೇ. ಅದೇ ಸೋಮವಾರವನ್ನು ಮೂಢನಂಬಿಕೆಯೆಂದು ಮನಸ್ಸಿನಲ್ಲಿ ಹಳಿಯುತ್ತಿದ್ದವನೂ ನಾನೇ.

ದೊರೆ ಪೆಟ್ಟಿಗೆಯನ್ನು ಹೆಂಗಸರೂ ನಾನೂ ಕುಳಿತ ಚಾಪೆಯ ಕಡೆಗೆ ತಿರುಗಿಸಿದ.

“ನಾ ಓದೋದು ಆ ಪೆಟ್ಟಿಗೆಗೆ ಕೇಳ್ತದಾ?” ಎಂದಳು ಮಾದಿ ಹೆತ್ತೆ.

“ಇಲ್ಲ, ಹೆತ್ತೆ. ನೋಟ ಮಾತ್ರ.”

“ಸರಿ ಬುಡು. ತಪ್ಪಿದ್ರೂ ಮಾನ ಹೋಗದು.”

ಆದರೆ ದೊರೆ ನನಗೆ ದೂರ ಸರಿಯಲು ಕೈಬೀಸಿದ: ಕೋಟು, ರುಮಾಲಿನವನು ಇಲ್ಲಿಯವನಲ್ಲ. ಏಳಹೊರಟ ನನ್ನ ಕೋಟಿನ ಅಂಚನ್ನು ಹೆತ್ತೆ ಹಿಡಿದಳು. “ಕಲಿಸಿದವ ಎಲ್ಲಿ ಹೋಗೋದು? ಕೂರು.” ಕುಳಿತೆ. ದೊರೆ ಪೆಟ್ಟಿಗೆಯ ಹಿಡಿಕೆ ತಿರುಗಿಸತೊಡಗಿದ.

ಧಾರವಾಡದ ಪರದೆಗೆ ಆ ಚಿತ್ರ ಎಂದಾದರೂ ಬಂದರೆ, ಗೆಳೆಯರೇ, ಚಾಪೆಯ ತುದಿಯಲ್ಲಿ ಕುಳಿತವನನ್ನು ಗುರುತಿಸಿ. ರುಮಾಲು ನಿಮ್ಮೂರಿನದು. ಕುಳಿತ ಜಾಗ ಮಾತ್ರ ಈ ಹಟ್ಟಿಯವರು ಕೊಟ್ಟದ್ದು.