ಬಾಯಿ ಮುಚ್ಚಿ ಮಾಡಿದ ನನ್ನ ಮೊದಲ ಫೇಶಿಯಲ್

ರೇಖಾಳ ಕೆನ್ನೆಯ ಮೇಲೆ ನನ್ನ ಎರಡೂ ಕೈ. ಬಾಯಿಗೆ ಮಾತ್ರ ಬೀಗ.

ಮರುದಿನ ಅವಳ ಮದುವೆ. ಕಬ್ಬೂರಿನ ಅವರ ಮನೆಯಲ್ಲಿ ಅವಳನ್ನು ಮಲಗಿಸಿ, ನಾನು ಜೀವಮಾನದ ಮೊದಲ ಫೇಶಿಯಲ್ ಮಾಡುತ್ತಿದ್ದೆ. ಬಾಗಿಲಲ್ಲಿ ನನಗೆ ಕೆಲಸ ಕಲಿಸಿದ ಸುನಂದಾ ಮೇಡಂ ಕೈಕಟ್ಟಿ ನಿಂತಿದ್ದರು, ಶಾಲೆಗೆ ಬಂದ ಇನ್‌ಸ್ಪೆಕ್ಟರ್ ಹಾಗೆ.

ಇದು ತೊಂಬತ್ತರ ದಶಕದ ಮಾತು. ಅದಕ್ಕೂ ಮೊದಲು ಕರೋಶಿ, ಕಬ್ಬೂರ ಸುತ್ತ ಹುಟ್ಟಿದ ಕೂಸುಗಳಿಗೆ ಎಣ್ಣೆ ತಿಕ್ಕಿ ನೀರು ಎರೆಯುವುದು ನನ್ನ ಕೆಲಸ.

ಕಾಲು ಚಾಚಿ ಕೂತು, ಕೂಸನ್ನು ಕಾಲ ಮೇಲೆ ಮಲಗಿಸಿಕೊಂಡು, ಮೂಗು ತೀಡಿ, ತಲೆ ದುಂಡಗೆ ಮಾಡಿ... ಈ ಕಡೆಯ ಎಷ್ಟೋ ಮೂಗುಗಳು ನನ್ನ ಕೈಯಲ್ಲೇ ನೆಟ್ಟಗಾದವು. ಆಗದೆ ಉಳಿದವು ಅವರಪ್ಪಂದಿರ ತಪ್ಪು.

ಆಮೇಲೆ ಹೆರಿಗೆಗಳು ದವಾಖಾನೆಗೆ ಹೋದವು. ಸೊಸೆಯಂದಿರು ಬಾಟಲಿ ಎಣ್ಣೆ ತಂದು ತಾವೇ ಎರೆಯತೊಡಗಿದರು. ನನ್ನ ಕೈ ಖಾಲಿಯಾಯಿತು.

ಕೈ ಖಾಲಿಯಾದರೆ ನನ್ನ ಬಾಯಿ ಮನೆಮಂದಿಯ ಮೇಲೆ ತಿರುಗುತ್ತದೆ. ಹಾಗಾಗಿ ಅವರೇ ನನ್ನನ್ನು ಚಿಕ್ಕೋಡಿಗೆ ಕಳಿಸಿದರು. ಅಲ್ಲಿ ನಿಪ್ಪಾಣಿಯ ಸುನಂದಾ ಮೇಡಂ ಹೊಸ ಪಾರ್ಲರ್ ತೆರೆದು ಹೆಂಗಸರಿಗೆ ಕೆಲಸ ಕಲಿಸುತ್ತಿದ್ದರು.

ಉಗುರು ಕತ್ತರಿಸಬೇಕು, ಬಳೆ ಮೇಲೇರಿಸಬೇಕು, ಕೈ ಹಗುರವಾಗಿ ಕೆಳಗಿನಿಂದ ಮೇಲಕ್ಕೆ ಹೋಗಬೇಕು. ಮೊದಲ ದಿನ ನಾನು ರೂಢಿಯ ಮೇಲೆ, ಜೊತೆಗೆ ಕಲಿಯುವವಳ ಮೂಗು ಹಿಡಿದು ಎಳೆದೆ. ಅವಳು ಚೀರಿದಳು.

"ಮಾವಶಿ, ಕೂಸಲ್ಲರಿ ಅದು! ಮದವಿ ವಯಸ್ಸಿನ ಹುಡುಗಿ ಐತಿ!" ಎಂದರು ಮೇಡಂ.

"ಅದಕ್ಕ ಎಳದೀನ್ರಿ. ಈ ಮೂಗಿಗೆ ವರ ಸಿಗಬೇಕಲ್ಲ."

ಕೈ ಹೇಗೋ ಕಲಿಯಿತು. ಕಲಿಯದೆ ಉಳಿದದ್ದು ಬಾಯಿ.

"ಗಿರಾಕಿ ಕಣ್ಣ ಮುಚ್ಚಿ ಆರಾಮ ತಗೊಳಾಕ ಬಂದಿರ್ತಾರ, ನಿಮ್ಮ ಭಾಷಣ ಕೇಳಾಕ ಅಲ್ಲ," ಎಂದು ಮೇಡಂ ಕೊನೆಗೆ ಷರತ್ತು ಹಾಕಿದರು. "ರೇಖಾನ ಮನ್ಯಾಗ ತುಟಿ ಬಿಚ್ಚದ ಕೆಲಸ ಮುಗಸ್ರಿ, ಪಾರ್ಲರಿನ್ಯಾಗ ಇಟಗೋತೀನಿ. ಇಲ್ಲಂದ್ರ ಕರೋಶಿ ಬಸ್ ಹತ್ರಿ."

ಆ ಕೆಲಸ ನನಗೆ ಬೇಕೇ ಬೇಕಿತ್ತು. ಮನೆಯಲ್ಲಿ ಕೂತು ಶೇಂಗಾ ಸುಲಿಯುವ ಹೆಂಗಸಲ್ಲ ನಾನು.

ಅದಕ್ಕೇ ತುಟಿ ಕಚ್ಚಿಕೊಂಡು ರೇಖಾಳ ಮುಖ ತಿಕ್ಕಿದೆ, ಫೇಸ್ ಪ್ಯಾಕ್ ಹಚ್ಚಿದೆ. ಚಕಾರ ಇಲ್ಲ. ಮೇಡಂ ಮುಖದಲ್ಲಿ ಸಣ್ಣ ನಗು.

ಆದರೆ ನಾನು ಒಂದು ಸಂಗತಿ ಮರೆತಿದ್ದೆ. ಮೇಡಂಗಂತೂ ಅದು ಗೊತ್ತೇ ಇರಲಿಲ್ಲ.

ನಮ್ಮಲ್ಲಿ ಎರೆಯುವವಳು ಕೂಸನ್ನು ಬೈಯುತ್ತಲೇ ಇರಬೇಕು. ಬೈಗುಳ ನಡೆದಿದೆ ಎಂದರೆ ಕೂಸು ಗಟ್ಟಿ ಇದೆ ಎಂದರ್ಥ. ಅವಳು ಸುಮ್ಮನಾದಳೋ, ಕೈಗೆ ಏನೋ ಕೆಟ್ಟದ್ದು ಹತ್ತಿದೆ. ಹಿಂದೊಮ್ಮೆ ಓಣಿಯ ಕೂಸಿನ ಹೊಟ್ಟೆ ತಿಕ್ಕುವಾಗ ಕೈಗೆ ಗಂಟು ತಗುಲಿ ನಾನು ಸುಮ್ಮನಾಗಿದ್ದೆ. ಅಂದೇ ಅದನ್ನು ಮಿರಜದ ದೊಡ್ಡ ದವಾಖಾನೆಗೆ ಒಯ್ದಿದ್ದರು.

ರೇಖಾಳನ್ನೂ ಕೂಸಿದ್ದಾಗ ಎರೆದವಳು ನಾನೇ. ಅವಳ ತಾಯಿ ಸುಶೀಲಾ ಅರಿಶಿನದ ಬಟ್ಟಲು ಹಿಡಿದು ಒಳಗೆ ಬಂದಳು. ನನ್ನನ್ನು ನೋಡಿದಳು. ನಿಂತಳು.

"ಗಂಗಕ್ಕಾ... ಯಾಕ ಸುಮ್ಮನ ಅದೀ?"

ನಾನು ಮೇಡಂ ಕಡೆ ನೋಡಿದೆ. ಮೇಡಂ ತುಟಿಯ ಮೇಲೆ ಬೆರಳಿಟ್ಟರು.

"ಏನ್ ಹತ್ತೇತಿ ಕೈಗೆ? ಹೇಳ ಬೇ!"

ನಾನು ಇಲ್ಲವೆಂದು ತಲೆ ಆಡಿಸಿದೆ. ಅದು ಇನ್ನೂ ಕೆಟ್ಟದಾಯಿತು.

"ಹೇಳಾಕೂ ಬರದಂಥಾದ್ದೇನ?" ಎಂದು ಬಟ್ಟಲು ಕೆಳಗಿಟ್ಟು ಅಳತೊಡಗಿದಳು. ಅಂಗಳದಲ್ಲಿದ್ದ ರೇಖಾಳ ಕಾಕಾ ಓಡಿ ಬಂದರು, ನನ್ನ ಮುಚ್ಚಿದ ಬಾಯಿ ನೋಡಿದರು, ಏನೂ ಕೇಳದೆ ಧೋತರ ಎತ್ತಿಕೊಂಡು ಹೊರಟರು. "ಏ, ಜೀಪ್ ತಗೀರ್ಯೋ! ಮಿರಜಕ್ಕ ಹೋಗಬೇಕು!"

ಸಂಜೆ ಬೀಗರು ಬರುವವರಿದ್ದರು. ಮದುಮಗಳು ದವಾಖಾನೆಗೆ ಹೋದಳು ಎಂಬ ಮಾತು ಅವರ ಕಿವಿಗೆ ಬಿದ್ದರೆ ಮುಗಿಯಿತು.

ಇತ್ತ ರೇಖಾ ಪ್ಯಾಕಿನ ಕೆಳಗೇ ಅಳುತ್ತಿದ್ದಾಳೆ. ಹಚ್ಚಿದ್ದೆಲ್ಲ ಸೀಳು ಸೀಳಾಗಿ ಕಿವಿಯ ಕಡೆ ಇಳಿಯುತ್ತಿದೆ...

ಹೋಗಲಿ ಆ ಕೆಲಸ, ಎನಿಸಿತು.

"ಅಳು ನಿಂದರಸ ಹುಚ್ಚಿ!" ಎಂದೆ. "ಮುಂಜಾನಿಂದ ಮಾಡಿದ್ದೆಲ್ಲಾ ಕೆಸರ ಮಾಡಾಕತ್ತೀ! ಹುಟ್ಟಿದಾಗೂ ಹಿಂಗ ಬದನಿಕಾಯಿಯಂಥಾ ಮಾರಿ ಮಾಡ್ಕೊಂಡ ಬಂದಿದ್ದಿ. ತಿಕ್ಕಿ ತಿಕ್ಕಿ ಮನಷ್ಯಾರಂಗ ಮಾಡೀನಿ. ಈಗ ಅಳಿಯಾ ಓಡಿ ಹೋದ್ರ ನನ್ನ ಹೆಸರ ಹೇಳಬ್ಯಾಡ!"

ಸುಶೀಲಾಳ ಅಳು ಅಲ್ಲೇ ನಿಂತಿತು.

"ಬೈದಳು!" ಎಂದು ಸುಶೀಲಾ ಚಪ್ಪಾಳೆ ತಟ್ಟಿದಳು. "ಬೈದಳವ್ವಾ! ಏನೂ ಆಗಿಲ್ಲ ಹಂಗಾರ! ಚಾ ಇಡ್ರೇ!"

ಸುಶೀಲಾಳ ಬಾಯಿಂದ ಬೈಗುಳದ ಆ ರೂಢಿ ಕೇಳಿ ಮೇಡಂ ಗೋಡೆಗೆ ಒರಗಿದರು. ನಾನು ಪ್ಯಾಕ್ ಮತ್ತೆ ಹಚ್ಚಿದೆ, ಬೈಯುತ್ತಲೇ.

ಮಿರಜಕ್ಕೆ ತೆಗೆದಿದ್ದ ಜೀಪು ನಮ್ಮನ್ನು ಚಿಕ್ಕೋಡಿಗೆ ಬಿಡಲು ಹೊರಟಿತು. ದಾರಿಯುದ್ದಕ್ಕೂ ಮೇಡಂ ತುಟಿ ಬಿಚ್ಚಲಿಲ್ಲ. ಈಗ ಮೌನಕ್ಕೆ ಹೆದರುವ ಸರದಿ ನನ್ನದು.

"ನಾಳಿಂದ ಬರೂದ ಬ್ಯಾಡೇನ್ರಿ?" ಎಂದೆ ಕೊನೆಗೆ.

"ಸಣ್ಣ ಮಗಳ ಮದವಿಗೂ ಈ ಬೈಯುವಾಕಿನ್ನ ಕಳಸ್ರಿ ಅಂದಾಳ ಆ ತಾಯಿ," ಎಂದರು. ಆಮೇಲೆ ತಡೆಯಲಾರದೆ ನಕ್ಕರು. "ಬರ್ರಿ ಮಾವಶಿ. ಆದ್ರ ಮಾತ ಬೇಕೋ ಬ್ಯಾಡೋ ಅಂತ ಗಿರಾಕಿನ್ನ ಮೊದಲ ಕೇಳ್ರಿ, ಆಮ್ಯಾಗ ಬಾಯಿ ತಗೀರಿ."

ಮುಂದಿನ ವಾರ ಬ್ಯಾಂಕಿನ ಸಾಹೇಬರ ಹೆಂಡತಿ ಬಂದರು. ಕೇಳಿದೆ. "ಮಾತ ಬ್ಯಾಡ್ರಿ, ಮನ್ಯಾಗ ಬರೇ ಅದ ಐತಿ," ಎಂದರು. ಬಾಯಿ ಮುಚ್ಚಿ ಕೈ ಆಡಿಸಿದೆ. ನಾಲ್ಕು ಸಲ ಆಡಿಸುವಷ್ಟರಲ್ಲಿ ಗೊರಕೆ!

ಆ ಹೆಂಗಸು ಎಷ್ಟು ದಿನದಿಂದ ಮಲಗಿರಲಿಲ್ಲವೋ. ಮೇಡಂ ಹೇಳಿದ್ದೂ ಸುಳ್ಳಲ್ಲ ಎಂದು ಅಂದು ತಿಳಿಯಿತು. ಅವರು ಏಳುವವರೆಗೂ ಉಸಿರು ಬಿಗಿಹಿಡಿದು ಕೂತಿದ್ದೆ.

ಅಂದಿನಿಂದ ಚಹಾಕ್ಕೆ ಸಕ್ಕರೆ ಬೇಕೋ ಎಂದಂತೆ ಕೇಳುವುದೇ ನನ್ನ ರೂಢಿ. ನಿಮ್ಮನ್ನೂ ಕೇಳುತ್ತೇನೆ... ಫೇಶಿಯಲ್ ಮಾತು ಹಾಕಿ ಮಾಡಲೋ, ಹಾಕದೆ ಮಾಡಲೋ?