ಲೂಷಸ್ ಕಾಯುತ್ತಿದ್ದ ಸಂದು

ಲೂಷಸ್ ಟಾರ್ವರ್ ನಾಲ್ಕು ವರ್ಷ ಕಾಲೇಜು ತಂಡದಲ್ಲಿ ಫುಟ್‌ಬಾಲ್ ಆಡಿದ. ಚೆಂಡನ್ನು ಕೈಯಲ್ಲಿ ಹಿಡಿದು ಓಡುವ ಆಟ ಅದು. ಆದರೂ ಒಂದು ಸಲವೂ ಚೆಂಡು ಅವನ ಕೈಗೆ ಬಂದದ್ದಿಲ್ಲ. ಅವನ ಕೆಲಸವೇ ಬೇರೆ. ಎದುರಾಳಿಗಳು ಚೆಂಡು ಹಿಡಿದು ನುಗ್ಗುವಾಗ ಅಡ್ಡಗಟ್ಟುವ ಸಾಲಿನ ನಟ್ಟನಡುವೆ ಅವನು ನಿಲ್ಲಬೇಕು. ಎದುರು ತಂಡದ ಇಬ್ಬರು ದಢೂತಿ ಆಳುಗಳು ಒಟ್ಟಿಗೇ ಬಂದು ಮೈಮೇಲೆ ಬೀಳುತ್ತಾರೆ. ಏನೇ ಆದರೂ ಸಾಲಿನಲ್ಲಿ ತಾನು ಮುಚ್ಚಿ ನಿಂತ ಸಂದು ಬಿಟ್ಟು ಕದಲಬಾರದು. ಅವನು ಹೀಗೆ ಇಬ್ಬರ ಕೈಯಲ್ಲಿ ಜಜ್ಜಿಸಿಕೊಳ್ಳುತ್ತಿರುವಾಗ, ಅವನ ಬೆನ್ನ ಹಿಂದಿನಿಂದ ಮಾರ್ಕೆಲ್ ಸಿಮ್ಸ್ ಎಂಬ ಹುಡುಗ ಆರಾಮಾಗಿ ಓಡಿಬಂದು ಚೆಂಡು ಹಿಡಿದವನನ್ನು ಕೆಡವುತ್ತಿದ್ದ. ಧ್ವನಿವರ್ಧಕ "ಕೆಡವಿದ್ದು ಮಾರ್ಕೆಲ್ ಸಿಮ್ಸ್!" ಎಂದು ಕೂಗುತ್ತಿತ್ತು. ಜನ ಎದ್ದು ಕುಣಿಯುತ್ತಿದ್ದರು. ಲೂಷಸ್ ಎಲ್ಲರ ಅಡಿಯಿಂದ ಎದ್ದು ಬಾಯಿಗೆ ಹೊಕ್ಕ ಹುಲ್ಲು ಉಗಿಯುತ್ತಿದ್ದ.

ಅಮೆರಿಕದ ಮಿಸಿಸಿಪ್ಪಿಯ ಆ ಊರಿನಲ್ಲಿ ಶನಿವಾರದ ಆಟ ಭಾನುವಾರದ ಚರ್ಚಿಗಿಂತ ಒಂದು ಕೈ ಮೇಲೇ. ಕೋಚ್ ಹಾಲಿಸ್ ಬ್ಯಾಬ್ ಎದುರಿಗೆ ಬಂದರೆ ಪಾದ್ರಿಯೂ ದಾರಿ ಬಿಡುತ್ತಿದ್ದ. ಲೂಷಸ್‌ನ ತಾಯಿ ಅರ್ನಸ್ಟೀನ್‌ಗೆ ಮಾತ್ರ ಆಟ ನೋಡುವ ಯೋಗವಿರಲಿಲ್ಲ. ಶನಿವಾರವೂ ಕೋಳಿ ಕಾರ್ಖಾನೆಯಲ್ಲಿ ಅವಳ ಪಾಳಿ ಇರುತ್ತಿತ್ತು. ಕೊಯ್ಯುವ ಮೇಜಿನ ಪಕ್ಕದಲ್ಲಿ ರೇಡಿಯೊ ಹಚ್ಚಿಟ್ಟುಕೊಂಡು ಕೇಳುತ್ತಿದ್ದಳು.

"ನಿನ್ ಹೆಸರೇ ಹೇಳಲ್ವಲ್ಲೋ. ನಿಜವಾಗ್ಲೂ ಆಡ್ತಿದೀಯೋ, ಇಲ್ಲ ಅವರಿಗೆಲ್ಲ ನೀರು ಕೊಡ್ತಿದೀಯೋ?"

"ಹೆಸರು ಹೇಳಿಸ್ಕೊಳ್ಳೋ ಕೆಲ್ಸ ಅಲ್ಲಮ್ಮಾ ನಂದು."

"ಅದ್ಯಾವ ಸೀಮೆ ಕೆಲ್ಸನೋ! ನಾನು ಕೋಳಿ ಕೊಯ್ಯೋಳು. ನನ್ನನ್ನೂ ಸೂಪರ್‌ವೈಸರ್ ಹೆಸರು ಹಿಡ್ದೇ ಬೈತಾನೆ."

ಅವಳು ನಗುತ್ತಲೇ ಹೇಳಿದ್ದಳು. ಅವನಿಗೆ ಮಾತ್ರ ಚುಚ್ಚಿತು. ಚುಚ್ಚಲು ಇನ್ನೊಂದು ಕಾರಣವೂ ಇತ್ತು. ಕಾಲೇಜು ಮುಗಿದ ಮೇಲೆ ಸಂಬಳ ಕೊಟ್ಟು ಆಡಿಸುವ ದೊಡ್ಡ ತಂಡಗಳಿಗೆ ಸೇರಬೇಕೆಂದರೆ ನೋಡಲು ಬಂದವರ ಕಣ್ಣಿಗೆ ಬೀಳಬೇಕು, ಇಲ್ಲವೇ ಕೋಚ್ ಒಂದು ಮಾತು ಹೇಳಬೇಕು. ಕೋಳಿ ಕಾರ್ಖಾನೆಯಿಂದ ತಾಯಿಯನ್ನು ಬಿಡಿಸಲು ಅವನಿಗಿದ್ದ ದಾರಿ ಅದೊಂದೇ.

ಕೊನೆಯ ವರ್ಷದ ಹುಡುಗರನ್ನು ಬೀಳ್ಕೊಡುವ ಆಟ ಬಂತು. ಅಂದು ಪ್ರತಿಯೊಬ್ಬನೂ ತಾಯಿಯ ಕೈ ಹಿಡಿದು ಮೈದಾನಕ್ಕೆ ನಡೆದು ಬರುವುದು ವಾಡಿಕೆ. ಅರ್ನಸ್ಟೀನ್ ಕಾಡಿಬೇಡಿ ರಜೆ ಹಾಕಿದಳು. ಹಿಂದಿನ ದಿನ ಶುಕ್ರವಾರ, ಅಭ್ಯಾಸ ಮುಗಿದ ಮೇಲೆ ಕೋಚ್ ಅವನನ್ನು ಪಕ್ಕಕ್ಕೆ ಕರೆದ.

"ನಾಲ್ಕು ವರ್ಷ ಕತ್ತೆ ಚಾಕರಿ ಮಾಡಿದೀಯ ಮಗನೇ. ನಾಳೆ ನಿಮ್ಮಮ್ಮ ಬರ್ತಾರಂತೆ. ನಾನು ಟೋಪಿ ತೆಗೆದು ತಲೆ ಸವರ್ಕೊಂಡ್ರೆ ಸಂದು ಬಿಟ್ಟು ನುಗ್ಬಿಡು. ಚೆಂಡಿನವನನ್ನ ನೀನೇ ಕೆಡವು. ನಿನ್ನ ಜಾಗ ಮಾರ್ಕೆಲ್ ನೋಡ್ಕೋತಾನೆ, ಅವನಿಗೆ ನಾನು ಹೇಳಿರ್ತೀನಿ."

ಆ ಸಂಜೆ ಲೂಷಸ್ ಈ ಮಾತನ್ನು ತಾಯಿಗೆ ಫೋನಿನಲ್ಲಿ ಒಪ್ಪಿಸಿದ. ಅವಳು ಅಕ್ಕಪಕ್ಕದ ಮನೆಯವರಿಗೆಲ್ಲ ಕೇಳುವ ಹಾಗೆ ನಕ್ಕಳು.

ಆಟ ಮುಗಿಯಲು ಇನ್ನೇನು ಸ್ವಲ್ಪ ಹೊತ್ತಿತ್ತು. ಲೂಷಸ್‌ನ ತಂಡದವರೇ ಒಂದಿಷ್ಟು ಮುಂದಿದ್ದರು. ಕೋಚ್ ಟೋಪಿ ತೆಗೆದು ತಲೆ ಸವರಿಕೊಂಡ. ಲೂಷಸ್ ಇಬ್ಬರ ನಡುವೆ ಮೀನಿನ ಹಾಗೆ ನುಸುಳಿ ನುಗ್ಗಿದ. ಚೆಂಡು ಹಿಡಿದವನ ಅಂಗಿ ಬೆರಳಿಗೆ ತಗುಲಿ ಜಾರಿತು. ಲೂಷಸ್ ತೆರವು ಮಾಡಿದ ಸಂದಿನಲ್ಲೇ ಆ ಹುಡುಗ ತೂರಿಹೋಗಿ ಕೊನೆಯ ಗೆರೆ ದಾಟಿ ಅಂಕ ಗಳಿಸಿದ. ಮಾರ್ಕೆಲ್ ಅಲ್ಲಿರಲೇ ಇಲ್ಲ. ಅವನಿಗೆ ಯಾರೂ ಏನೂ ಹೇಳಿರಲಿಲ್ಲ. ಕೋಚ್ ಮರೆತನೋ, ತನ್ನ ಮಾತಿಗೆ ತಾನೇ ಬೆಲೆ ಕೊಡಲಿಲ್ಲವೋ, ಆ ದೇವರಿಗೇ ಗೊತ್ತು. ತಂಡ ಸೋತಿತು.

"ಒಬ್ಬ ಹುಡುಗ ತಂಡ ಬಿಟ್ಟು ತನ್ನ ಬಗ್ಗೆ ಮಾತ್ರ ಯೋಚ್ನೆ ಮಾಡ್ದ," ಎಂದ ಕೋಚ್ ಪತ್ರಿಕೆಯವರಿಗೆ. ಆ ಒಬ್ಬ ಯಾರೆಂದು ಊರಿಗೆ ಬಿಡಿಸಿ ಹೇಳಬೇಕಾಗಿರಲಿಲ್ಲ. ಮರುದಿನ ಚರ್ಚಿನಲ್ಲಿ ಅರ್ನಸ್ಟೀನ್ ಕೂತ ಬೆಂಚಿನಲ್ಲಿ ಬೇರೆ ಯಾರೂ ಕೂರಲಿಲ್ಲ.

ಸೋಮವಾರ ಸಂಜೆ, ಎಂದಿನಂತೆ, ಮೀನು ಕರಿದು ಮಾರುವ ಹೋಟೆಲಿನಲ್ಲಿ ಕೋಚ್‌ನ ರೇಡಿಯೊ ಕಾರ್ಯಕ್ರಮ. ಅವನು ಮೈಕಿನ ಮುಂದೆ ಮೀನು ತಿನ್ನುತ್ತ ಕೂರುವುದು, ಊರಿನವರು ಎದ್ದು ನಿಂತು ಪ್ರಶ್ನೆ ಕೇಳುವುದು, ಸುತ್ತಲ ಹತ್ತೂರಿನವರು ರೇಡಿಯೊದಲ್ಲಿ ಕೇಳುವುದು. ಆ ದಿನ ಲೂಷಸ್‌ನನ್ನೂ ಕರೆಸಿದ್ದ. ಅಡುಗೆಮನೆಯ ಬಾಗಿಲ ಹತ್ತಿರ ಅವನ ಹೆಗಲ ಮೇಲೆ ಕೈ ಹಾಕಿದ.

"ದೊಡ್ಡ ತಂಡದವರು ನಿನ್ನ ಬಗ್ಗೆ ಕೇಳ್ತಿದಾರೆ. ಗಂಡಸಿನ ಥರ ತಪ್ಪು ಒಪ್ಕೊಳ್ಳೋ ಹುಡುಗ ಅಂತ ಹೇಳ್ಬೇಕು ಅಂತಿದೀನಿ. ಏನಂತೀಯ?"

"ಸರಿ ಸರ್."

ಕಾರ್ಯಕ್ರಮ ಶುರುವಾಗಿ ಸ್ವಲ್ಪ ಹೊತ್ತಿಗೆ ಹಿಂದಿನ ಮೇಜಿನಿಂದ ಅರ್ನಸ್ಟೀನ್ ಎದ್ದಳು. ಕಾರ್ಖಾನೆಯ ಬಟ್ಟೆಯಲ್ಲೇ ಬಂದಿದ್ದಳು.

"ಕೋಚ್, ನಾನು ಲೂಷಸ್ ತಾಯಿ. ಶುಕ್ರವಾರ ನನ್ನ ಮಗನಿಗೆ ಸಂದು ಬಿಟ್ಟು ನುಗ್ಗು ಅಂತ ಹೇಳಿದ್ದು ನೀವು ತಾನೆ? ಹೌದೋ ಅಲ್ವೋ, ಅಷ್ಟು ಹೇಳಿ ಸಾಕು."

ಕೋಚ್ ಕೈ ಒರೆಸಿಕೊಂಡು ಮುಗುಳ್ನಕ್ಕ. "ತಾಯಿ ಕರುಳು, ನನಗೆ ಅರ್ಥ ಆಗುತ್ತಮ್ಮಾ. ಹುಡುಗ ಇಲ್ಲೇ ಇದಾನಲ್ಲ, ಅವನನ್ನೇ ಕೇಳಿ." ಮೈಕನ್ನು ಲೂಷಸ್‌ನತ್ತ ತಳ್ಳಿದ.

ಲೂಷಸ್ ತಾಯಿಯ ಮುಖ ನೋಡಲಿಲ್ಲ. "ಕೋಚ್ ಏನೂ ಹೇಳಿರ್ಲಿಲ್ಲ," ಎಂದ. "ನಾನೇ ಮಾಡಿದ್ದು. ಅಮ್ಮ ಏನೋ ತಪ್ಪು ತಿಳ್ಕೊಂಡಿದಾಳೆ."

"ಭೇಷ್ ಮಗನೇ!" ಎಂದು ಯಾರೋ ಕೂಗಿದರು. ಚಪ್ಪಾಳೆ ಬಿತ್ತು. "ಮಗ ಒಪ್ಕೊಂಡ್ರೂ ಅವನಮ್ಮ ಒಪ್ಪಲ್ವಲ್ಲಪ್ಪ," ಎಂದು ಪಕ್ಕದ ಮೇಜಿನವನು ಹಲ್ಲು ಕಿರಿದ. ಅರ್ನಸ್ಟೀನ್ ಕೈಚೀಲ ತೆಗೆದುಕೊಂಡು, ಕುರ್ಚಿಯನ್ನು ಇದ್ದ ಜಾಗಕ್ಕೆ ಸರಿಸಿಟ್ಟು ಹೊರಗೆ ನಡೆದಳು.

ದೊಡ್ಡ ತಂಡದವರು ಯಾರೂ ಕರೆಯಲಿಲ್ಲ. ತಾನು ಹೇಳುವಷ್ಟು ಹೇಳಿದ್ದೇನೆ ಎಂದು ಕೋಚ್ ಅಂದ. ಹೇಳಿದ್ದನ್ನು ಕಂಡವರು ಯಾರು? ಮಾರ್ಕೆಲ್ ದೊಡ್ಡ ತಂಡ ಸೇರಿ ಹೆಸರು ಮಾಡಿದ. ಲೂಷಸ್ ಕೋಳಿ ಕಾರ್ಖಾನೆಯಲ್ಲಿ ಲಾರಿಗೆ ಪೆಟ್ಟಿಗೆ ಹೇರುವ ಕೆಲಸಕ್ಕೆ ಸೇರಿದ. ತಾಯಿ ಮಗ ಒಂದೇ ಮನೆಯಲ್ಲಿದ್ದರು, ಒಂದೇ ಮೇಜಿನಲ್ಲಿ ಉಣ್ಣುತ್ತಿದ್ದರು. ಆ ಸೋಮವಾರದ ಮಾತನ್ನು ಅವಳು ಎತ್ತಲಿಲ್ಲ, ಎತ್ತುವ ಧೈರ್ಯ ಅವನಿಗೆ ಬರಲಿಲ್ಲ. ನನ್ನನ್ನು ಕೇಳಿದರೆ, ಅವಳು ಒಂದು ಸಲ ಬಾಯಿ ತುಂಬ ಬೈದುಬಿಟ್ಟಿದ್ದರೆ ಅವನ ಎದೆಯ ಭಾರ ಇಳಿದುಹೋಗುತ್ತಿತ್ತು.

ಅವನ ಗಡ್ಡ ನರೆಯುವ ಹೊತ್ತಿಗೆ ಕೋಚ್ ಬ್ಯಾಬ್ ಸತ್ತ. ಶವಪೆಟ್ಟಿಗೆ ಹೊರಲು ಹಳೆಯ ಆಟಗಾರರನ್ನು ಆರಿಸಿದರು. ಲೂಷಸ್‌ಗೂ ಕರೆ ಬಂತು. ಅವನು ಕರಿಯ ಕೋಟು ತೊಟ್ಟು, ಅಡುಗೆಮನೆಯ ಬಾಗಿಲಲ್ಲಿ ನಿಂತ.

"ಅಮ್ಮಾ, ಕರ್ದಿದಾರೆ. ಹೋಗ್ಲೋ ಬೇಡ್ವೋ?"

ಅರ್ನಸ್ಟೀನ್ ಸೊಪ್ಪು ಬಿಡಿಸುತ್ತಿದ್ದಳು, ತಲೆ ಎತ್ತಲಿಲ್ಲ.

"ಹೋಗಪ್ಪ. ಅವನನ್ನ ಹೊತ್ತು ನಿನಗೆ ಅಭ್ಯಾಸ ಇದೆಯಲ್ಲ."

ಲೂಷಸ್ ಕೋಟಿನ ಗುಂಡಿ ಹಾಕಿಕೊಂಡ. ಆಮೇಲೆ ಹೋಗಿ ಹೊತ್ತ.